ಪೂರ್ವಕ್ಕೆ ರಸ್ತೆ

ನನ್ನ ಕ್ರಯಪತ್ರದ ಚಕ್ಕುಬಂದಿಯಲ್ಲಿ ಹೀಗಿದೆ:
ಪಶ್ಚಿಮಕ್ಕೆ ಪಿಳ್ಳಮುನಿಯಪ್ಪನವರ ಸ್ವತ್ತು,
ಉತ್ತರಕ್ಕೆ ಓಣಿ, ದಕ್ಷಿಣಕ್ಕೆ ಇದೇ ಸರ್ವೆ ನಂಬರಿನ ಉಳಿಕೆ ಜಮೀನು,
ಪೂರ್ವಕ್ಕೆ ರಸ್ತೆ.
ಆಗಿನ್ನೂ ಲಗ್ಗೆರೆ ಬೆಂಗಳೂರಾಗಿರಲಿಲ್ಲ.
ಮೂವತ್ತೊಂದು ವರ್ಷ ಆ ಕೊನೆಯ ಸಾಲಿನಿಂದಲೇ
ರಾಗಿ ಬಂದಿದೆ, ಗೋಧಿ ಬಂದಿದೆ, ಡಬ್ಬ ಹೊತ್ತ ಜನ ಬಂದಿದ್ದಾರೆ.
ಗಿರಣಿಯ ಬಾಯಿ ಪೂರ್ವಕ್ಕಿದೆ.

ಆವತ್ತು ಬೆಳಿಗ್ಗೆ ಶಟರ್ ಎತ್ತಿದರೆ
ಹೊಸ್ತಿಲಿಂದ ಎರಡು ಮಾರು ದೂರದಲ್ಲಿ
ಕೆಂಪು ಬಣ್ಣದ ಗುರುತು. ಪಿ ಏಳು.
ಯಾರು ಬರೆದರೋ, ರಾತ್ರಿ ಬರೆದಿದ್ದಾರೆ.
ಅದರ ಸುತ್ತ ರಂಗೋಲಿ ಹಾಕಿದೆ, ಬೇರೇನು ಮಾಡಲಿ,
ಬಾಗಿಲಿಗೆ ಬಂದದ್ದು.

ವಾರ ಕಳೆದ ಮೇಲೆ ಬೇಕರಿ ಲಕ್ಕೇಗೌಡ ಹೇಳಿದ:
ಅಕ್ಕ, ಅದು ಸ್ಕೈವಾಕ್ ಕಂಬ.
ಮೆಟ್ಟಿಲು ಇಳಿಯೋದು ನಿನ್ನ ಶಟರ್ ಮುಂದೇನೇ.
ಮೇಲೆ ಜಾಹೀರಾತು, ಕೆಳಗೆ ನೀನು.

ನೋಟೀಸು ಅಂಟಿಸಿದ್ದರಂತೆ. ನಿಜ,
ಕರೆಂಟು ಕಂಬಕ್ಕೆ ಅಂಟಿಸಿದ್ದರು.
ಅದರ ಮೇಲೆ ಹುಡುಗರ ಪಿ.ಜಿ., ಅದರ ಮೇಲೆ ಮೂಲವ್ಯಾಧಿಗೆ ಗ್ಯಾರಂಟಿ ಔಷಧಿ.
ಉಗುರಲ್ಲಿ ಕೆರೆದೆ:
ಆಕ್ಷೇಪಣೆ ಇದ್ದವರು ಏಳು ದಿನದೊಳಗೆ...
ಏಳನೆಯ ದಿನ ಮೊನ್ನೆಯೇ ಆಗಿಹೋಗಿತ್ತು.

ಆದರೂ ಹೋದೆ ವಾರ್ಡ್ ಆಫೀಸಿಗೆ,
ಸೀರೆ ಕೊಡವಿಕೊಂಡು; ಹಿಟ್ಟು ಎಲ್ಲಿ ಬಿಡುತ್ತದೆ.
ಪತ್ರ ನೋಡಿ ಗುಮಾಸ್ತ ಕೇಳಿದ, ಎ ಖಾತೆಯೋ ಬಿ ಖಾತೆಯೋ?
ಬಿ, ಅಂದೆ.
ಪೆನ್ನಿಗೆ ಮುಚ್ಚಳ ಹಾಕಿದ.
ಕಂದಾಯ ಕಟ್ಟಿಸಿಕೊಳ್ಳುವಾಗ ಮುಚ್ಚಳ ತೆಗೆದೇ ಇತ್ತಲ್ಲಪ್ಪ, ಅಂದೆ.

ಸಾಹೇಬರು ಒಳ್ಳೆಯವರೇ. ಕೂರಿ ಅಂದರು.
ಅಮ್ಮ, ರಸ್ತೆ ಸರ್ಕಾರದ್ದು, ನಿಮ್ಮ ಒಂದಡಿಯನ್ನೂ ಮುಟ್ಟುತ್ತಿಲ್ಲ.
ಮುಟ್ಟುತ್ತಿಲ್ಲ ಸ್ವಾಮಿ, ಹೌದು.
ರಸ್ತೆ ನಿಮ್ಮದೇ. ರಸ್ತೆಗೆ ಇಳಿಯೋ ಕಾಲು ನಂದು.

ಸೇತುವೆ ಬೇಡ ಅಂತ ನಾನಂದೆನಾ?
ಹೋದ ಆಷಾಢದಲ್ಲಿ ಸಿಮೆಂಟ್ ಲಾರಿ ತಗುಲಿದ
ಏಳನೇ ಕ್ಲಾಸಿನ ಹುಡುಗಿ, ಶಬ್ರೀನ್,
ಅವಳನ್ನ ಗೋಣಿಚೀಲದ ಮೇಲೆ ಮಲಗಿಸಿದವಳು ನಾನು.
ಆ ಚೀಲ ಒಗೆದಿಲ್ಲ, ಬಿಸಾಡಿಯೂ ಇಲ್ಲ.
ಅವಳು ದಾಟಿದ್ದು ಇಲ್ಲಲ್ಲ.
ಯಾರೂ ಇಲ್ಲಿ ದಾಟುವುದಿಲ್ಲ.
ನಲವತ್ತು ಹೆಜ್ಜೆ ಆಚೆ, ಶಾಲೆ ಗೇಟಿನ ಎದುರು,
ಡಿವೈಡರ್ ಕಂಬಿ ಬಗ್ಗಿಸಿಕೊಂಡಿದ್ದಾರಲ್ಲ, ಅಲ್ಲಿ.
ಕಂಬಿ ಬಗ್ಗಿದ್ದು ನಿಮ್ಮ ನಕ್ಷೆಗೆ ಗೊತ್ತಿಲ್ಲ.
ಗಿರಣಿ ಕಿಟಕಿಗೆ ಗೊತ್ತು.

ಕೇಳಬೇಕಿತ್ತು, ಸ್ವಾಮಿ.
ಆಗ ನೀವು ನನ್ನನ್ನು ಕೇಳಲಿಲ್ಲ.
ಈಗ ಹೇಳುತ್ತಿದ್ದೇನೆ, ಈಗಲೂ ಕೇಳುತ್ತಿಲ್ಲ, ಫೋನು ನೋಡುತ್ತಿದ್ದೀರಿ.
ನಾನೇನು ಕೊಡಿ ಅಂತ ಕೇಳಲಿಕ್ಕೆ ಬಂದವಳಲ್ಲ.
ಮೂರಕ್ಕೂ ಒಂದೇ ಮಾತು ನಮ್ಮಲ್ಲಿ.
ಯಾಕೋ ಆ ಹೊತ್ತು ಹೊಳೆಯಿತು, ಹೇಳಲಿಲ್ಲ.

ಕಡತದಲ್ಲಿ ಬರೆದುಕೊಂಡರು: ಅಹವಾಲು ಆಲಿಸಲಾಗಿದೆ.
ಇಲ್ಲಿ ಸಹಿ ಹಾಕಿ.
ಏನು ಆಲಿಸಿದ್ರಿ, ಅದನ್ನೂ ಬರೀರಿ, ಆಮೇಲೆ ಹಾಕ್ತೀನಿ.
ಫ್ಯಾನು ತಿರುಗುತ್ತಿತ್ತು. ಗುಮಾಸ್ತ ಮುಚ್ಚಳ ತೆಗೆದ.
ನಲವತ್ತು ಹೆಜ್ಜೆ, ಅಂತ ಬರೆಸಿದೆ.
ಯಾರ ಹೆಜ್ಜೆ? ಮೀಟರಲ್ಲಿ ಹೇಳಮ್ಮ, ಅಂದ.
ಡಬ್ಬ ಹೊತ್ತ ಹೆಂಗಸಿನ ಹೆಜ್ಜೆ, ಬರ್ಕೋ.
ಗಂಗಹುಚ್ಚಮ್ಮ ಎಂದು ಪೂರ್ತಿ ಸಹಿ ಮಾಡಿದೆ,
ಒತ್ತಕ್ಷರಗಳ ಸಮೇತ.

ತಿಂಗಳಾಯಿತು. ಗುಂಡಿ ತೋಡಿಲ್ಲ, ಗುರುತು ಅಳಿಸಿಲ್ಲ.
ಮಳೆಗೆ ಪಿ ಮಾಸಿದೆ, ಏಳು ಇದೆ.
ನಿನ್ನೆ ಸಂಜೆ ನಾಲ್ಕಕ್ಕೆ, ಶಾಲೆ ಬಿಡುವ ಹೊತ್ತಿಗೆ,
ಸಾಹೇಬರು ಬೈಕಿನಲ್ಲಿ ಒಬ್ಬರೇ ಬಂದರು.
ಕಂಬಿ ಬಗ್ಗಿದಲ್ಲಿ ನಿಂತು ಬೆರಳು ಮಡಚಿ ಏನೋ ಎಣಿಸಿದರು.
ಅಲ್ಲಿಂದ ನನ್ನ ಶಟರ್‌ವರೆಗೆ ನಡೆದರು,
ತುಟಿ ಅಲ್ಲಾಡುತ್ತಿತ್ತು.
ಎಷ್ಟು ಬಂತೋ ಹೇಳಲಿಲ್ಲ.
ಗಿರಣಿಯ ಸದ್ದಿಗೆ ತುಸು ಬಾಗಿ ನಿಂತು
ಕುಡಿಯಲು ನೀರು ಕೇಳಿದರು.